ಚುಚ್ಚುಮದ್ದಿಗಾಗಿ ನಿಂತ ಕಾಳಗ

ಯುದ್ಧ ನಡೆಯುವ ಸೀಮೆಯಲ್ಲಿ ಔಷಧವಿದ್ದರೆ ಸಾಲದು, ವೈದ್ಯನಿದ್ದರೂ ಸಾಲದು. ಆ ವೈದ್ಯನು ಜೀವಸಹಿತನಾಗಿ ರೋಗಿಯ ಬಾಗಿಲನ್ನು ಮುಟ್ಟಬೇಕು. ಪರೋಪಕಾರಕ್ಕೆಂದು ಹೊರಟ ಸಂಸ್ಥೆಗಳಿಗೆ ಈ ದಾರಿಯನ್ನು ತೆರೆಯಿಸುವುದೇ ಅತಿ ಕಠಿನವಾದ ಕಾರ್ಯ. ಮಧ್ಯ ಅಮೆರಿಕದ ಎಲ್ ಸಾಲ್ವಡಾರ್ ಎಂಬ ಪುಟ್ಟ ದೇಶದಲ್ಲಿ 1985ರಲ್ಲಿ ನಡೆದ ಸಂಗತಿಯನ್ನು ಮಕ್ಕಳೊಂದಿಗರಾದ ನಮ್ಮ ವಾಚಕರು ತಿಳಿಯತಕ್ಕದ್ದು.

ಅಲ್ಲಿ ಆಗ ಸರಕಾರದ ಸೈನ್ಯಕ್ಕೂ ಬಂಡುಕೋರರಿಗೂ ಘೋರವಾದ ಒಳಯುದ್ಧ. ಗುಂಡಿಗೆ ಬಲಿಯಾದವರ ಸುದ್ದಿ ಲೋಕಕ್ಕೆಲ್ಲ ಮುಟ್ಟುತ್ತಿತ್ತು. ದಡಾರ, ನಾಯಿಕೆಮ್ಮು, ಧನುರ್ವಾಯುಗಳಿಗೆ ತುತ್ತಾದ ಹಸುಳೆಗಳನ್ನು ಕೇಳುವವರು ವಿರಳ. ವಿಶ್ವಸಂಸ್ಥೆಯ ಮಕ್ಕಳ ನಿಧಿಯಾದ ಯೂನಿಸೆಫಿಗೆ ಮುಖ್ಯಸ್ಥರಾಗಿದ್ದ ಜೇಮ್ಸ್ ಗ್ರ್ಯಾಂಟರು ದೇಶಾಧ್ಯಕ್ಷ ಡುವಾರ್ಟೆಯವರನ್ನು ಕಂಡು, ಮಕ್ಕಳಿಗೆ ಚುಚ್ಚುಮದ್ದು ಹಾಕಿಸುವಷ್ಟು ಹೊತ್ತು ಕಾಳಗವನ್ನು ನಿಲ್ಲಿಸಬೇಕೆಂದು ಒತ್ತಾಯಪಡಿಸಿದರು. ಅಧ್ಯಕ್ಷರೊಬ್ಬರು ಒಪ್ಪಿದರಾಯಿತೆ? ಬೆಟ್ಟದಲ್ಲಿದ್ದ ಬಂಡುಕೋರರೂ ಒಪ್ಪಬೇಕಷ್ಟೆ. ಉಭಯ ಪಕ್ಷದವರೂ ಕಿವಿಗೊಡುತ್ತಿದ್ದ ಕ್ರೈಸ್ತ ಧರ್ಮಗುರುಗಳು ನಡುವೆ ನಿಂತು ಮಾತುಕತೆಯನ್ನು ಸಾಗಿಸಿದರು. ಆ ವರ್ಷದ ಫೆಬ್ರವರಿ, ಮಾರ್ಚಿ, ಏಪ್ರಿಲ್ ತಿಂಗಳುಗಳಲ್ಲಿ ಒಂದೊಂದು ದಿನ ಬಂದೂಕುಗಳು ಸುಮ್ಮನಾದುವು. ಕೆಲವು ಮದ್ದುಗಳನ್ನು ಅಂತರವಿಟ್ಟು ಮರಳಿ ಕೊಡಬೇಕಾದುದರಿಂದ ಮೂರು ದಿನಗಳು ಬೇಕಾದುವು. ಸುಮಾರು 2,50,000 ಮಕ್ಕಳಿಗೆ ಮದ್ದು ದೊರೆಯಿತು.

ಈ ಮದ್ದು ಹಾಲಿಗಿಂತಲೂ ಸೂಕ್ಷ್ಮ, ತಂಪಿನಲ್ಲಿಡದಿದ್ದರೆ ಕೆಡುತ್ತದೆ. ಕಾವಲುಕಟ್ಟೆಯಲ್ಲಿ ಅರ್ಧ ದಿನ ಗಾಡಿಯನ್ನು ತಡೆದರೆ ಮಂಜುಗಡ್ಡೆ ಕರಗಿ ಶ್ರಮವೆಲ್ಲ ವ್ಯರ್ಥ. ಆದಕಾರಣ ಇಂತಹ ಕೆಲಸದಲ್ಲಿ ಯಾರು, ಯಾವ ದಾರಿಯಲ್ಲಿ, ಎಷ್ಟು ಗಂಟೆಗೆ ಹೋಗುವರೆಂಬುದನ್ನು ಇಬ್ಬಣದವರಿಗೂ ಮುಂಚಿತವಾಗಿ ತಿಳಿಸುವುದು ವಾಡಿಕೆ. ಬಂದೂಕಿನ ಬೆಂಗಾವಲನ್ನು ಪಡೆಯಬಾರದೆ ಎಂದು ಕೆಲವರು ಕೇಳಿಯಾರು. ಒಂದು ಪಕ್ಷದ ಸಿಪಾಯಿ ಪಕ್ಕದಲ್ಲಿ ಕುಳಿತೊಡನೆ ವೈದ್ಯನು ಮತ್ತೊಂದು ಪಕ್ಷದ ಕಣ್ಣಿಗೆ ಶತ್ರುವೇ ಆಗಿಬಿಡುತ್ತಾನೆ! ಅನ್ಯಗತಿಯಿಲ್ಲದಾಗ ಬೆಂಗಾವಲನ್ನು ಪಡೆಯುವುದೂ ಉಂಟು. ಆದರೆ ಊರ ಜನರ ನಂಬಿಕೆಯೇ ಹೆಚ್ಚು ಭದ್ರವಾದ ಕಾವಲೆಂದು ನಮಗೆ ತೋರುತ್ತದೆ.

ನಂಬಿಕೆಯೂ ಕೆಲವೆಡೆ ಕಾಪಾಡದು. ಆಫ್ಘಾನಿಸ್ತಾನದ ಕುಂದೂಜ್ ಪಟ್ಟಣದಲ್ಲಿ ‘ಮೆಡಿಸಾನ್ ಸಾನ್ ಫ್ರಾಂಟಿಯೆರ್’ ಎಂಬ ವೈದ್ಯಸಂಘದವರು ತಮ್ಮ ಆಸ್ಪತ್ರೆಯ ನೆಲೆಯನ್ನು ಕಾದಾಡುವವರಿಗೆಲ್ಲ ಮೊದಲೇ ತಿಳಿಸಿದ್ದರು. ಆದರೂ 2015ರ ಅಕ್ಟೋಬರ್ 3ರಂದು ಅಮೆರಿಕದ ಯುದ್ಧವಿಮಾನವು ಅದರ ಮೇಲೆ ದಾಳಿ ಮಾಡಿತು. ಮಡಿದವರು 42 ಮಂದಿ. ಅವರಲ್ಲಿ 14 ಮಂದಿ ಆಸ್ಪತ್ರೆಯ ಸಿಬ್ಬಂದಿ, ಎಲ್ಲರೂ ಆ ನಾಡಿನವರೇ. ಪರದೇಶದಿಂದ ಬಂದವರು ಅಪಾಯ ಮೀರಿದಾಗ ಹಿಂದಿರುಗಬಹುದು. ಸ್ಥಳೀಯರಿಗೆ ಹೋಗಲು ಬೇರೆ ಮನೆಯೆಲ್ಲಿ?

ಸಾಲ್ವಡಾರಿನಲ್ಲಾದರೋ, 1992ರಲ್ಲಿ ಯುದ್ಧವು ಮುಗಿಯುವವರೆಗೂ ವರ್ಷವರ್ಷವೂ ಆ ನೆಮ್ಮದಿಯ ದಿನಗಳು ಬಂದುವು. 1987ರಲ್ಲಿ ಲೆಬನಾನಿನ ತಾಯಂದಿರೂ ಇಂತಹವೇ ದಿನಗಳಲ್ಲಿ ಕೂಸುಗಳನ್ನೆತ್ತಿಕೊಂಡು ಮದ್ದಿಗೆ ಹೊರಟರು.