ಹಿಮಬಂಡೆಗಳ ಹಾದಿಯಲ್ಲಿ ಹಡಗುಗಳು

ಉತ್ತರ ಅಟ್ಲಾಂಟಿಕ್ ಸಾಗರದ ಹಡಗುದಾರಿಗಳಿಗೆ ಇಳಿದು ಬರುವ ಹಿಮಬಂಡೆಗಳಲ್ಲಿ ಬಹುಪಾಲು ಗ್ರೀನ್‌ಲ್ಯಾಂಡಿನ ಪಶ್ಚಿಮ ಕರಾವಳಿಯಲ್ಲಿ ಹುಟ್ಟಿದವು. ಅವು ಸಮುದ್ರದ ನೀರು ಹೆಪ್ಪುಗಟ್ಟಿ ಆದವಲ್ಲ. ನೆಲದ ಮೇಲೆ ಬಿದ್ದ ಹಿಮ ಸಾವಿರಾರು ವರ್ಷಗಳ ಕಾಲ ಪದರ ಪದರವಾಗಿ ಕೂತು, ತನ್ನದೇ ಭಾರಕ್ಕೆ ಅದುಮಿಕೊಂಡು ನೀರ್ಗಲ್ಲಾಗುತ್ತದೆ. ಆ ನೀರ್ಗಲ್ಲು ಹಿಮನದಿಯಾಗಿ ಕಣಿವೆಗಳಲ್ಲಿ ಜರುಗುತ್ತ ಕಡಲಂಚಿಗೆ ಬಂದಾಗ ಅದರ ಮುಂಭಾಗ ಮುರಿದು ನೀರಿಗೆ ಬೀಳುತ್ತದೆ. ಹಾಗಾಗಿ ಉಪ್ಪುಸಾಗರದ ನಡುವೆ ತೇಲುವ ಹಿಮಬಂಡೆಯಲ್ಲಿರುವುದು ಅಪ್ಪಟ ಸಿಹಿನೀರು. ಹಿಮದೊಳಗೆ ಸಿಕ್ಕಿಬಿದ್ದ ಹಳೆಯ ಗಾಳಿಯ ಗುಳ್ಳೆಗಳು ಬೆಳಕನ್ನು ಚದುರಿಸುವುದರಿಂದಲೇ ಅದು ಬೆಳ್ಳಗೆ ಕಾಣುತ್ತದೆ. ಕರಗುವಾಗ ಈ ಗುಳ್ಳೆಗಳು ಒಡೆದು ಚಟಪಟ ಸದ್ದು ಮಾಡುತ್ತವೆ. ಗುಳ್ಳೆಗಳಿಲ್ಲದ ಗಟ್ಟಿ ಭಾಗ ನೀಲಿಯಾಗಿ ಹೊಳೆಯುತ್ತದೆ.

ಗ್ರೀನ್‌ಲ್ಯಾಂಡಿನ ಇಲುಲಿಸ್ಸಾಟ್ ಪಟ್ಟಣದ ಪಕ್ಕದ ಯಾಕೊಬ್ಸ್‌ಹಾವ್ನ್ ಹಿಮನದಿ ಇಂಥ ಹುಟ್ಟುತಾಣಗಳಲ್ಲಿ ಹೆಸರಾದದ್ದು. 2012ರ ಬೇಸಿಗೆಯಲ್ಲಿ ಅದು ದಿನಕ್ಕೆ ಸುಮಾರು 46 ಮೀಟರ್ ವೇಗದಲ್ಲಿ ಕಡಲಿನತ್ತ ಸರಿಯುತ್ತಿತ್ತು. ಹಿಮನದಿಗಳ ಲೆಕ್ಕದಲ್ಲಿ ಇದು ಓಟವೇ ಸರಿ. ಅಲ್ಲಿ ಮುರಿದು ಬಿದ್ದ ಬಂಡೆಗಳು ನೇರವಾಗಿ ಸಾಗರ ಸೇರುವುದಿಲ್ಲ. ಹಿಮನದಿ ಸೇರುವ ಕೊಲ್ಲಿಯ ಬಾಯಲ್ಲಿ ನೀರಿನಡಿ ಒಂದು ದಿಬ್ಬವಿದೆ. ದೊಡ್ಡ ಬಂಡೆಗಳು ತಳ ಅದಕ್ಕೆ ತಾಗಿ ಅಲ್ಲೇ ನಿಲ್ಲುತ್ತವೆ. ಕರಗಿ ಸಣ್ಣದಾಗಿಯೋ, ಹಿಂದಿನಿಂದ ಬಂದ ಬಂಡೆಗಳ ಒತ್ತಡಕ್ಕೋ ದಿಬ್ಬ ದಾಟಿದ ಮೇಲೆ ಅವುಗಳ ಯಾನ ಶುರು. ವಿಚಿತ್ರವೆಂದರೆ ಅವು ಮೊದಲು ಹೋಗುವುದು ಉತ್ತರಕ್ಕೆ. ಗ್ರೀನ್‌ಲ್ಯಾಂಡಿನ ಪಶ್ಚಿಮ ತೀರದ ಪ್ರವಾಹ ಅವನ್ನು ಮೇಲಕ್ಕೊಯ್ದು ಬ್ಯಾಫಿನ್ ಕೊಲ್ಲಿಯನ್ನು ಬಳಸಿ ಕೆನಡಾದ ದಂಡೆಗೆ ತರುತ್ತದೆ. ಅಲ್ಲಿಂದ ತಣ್ಣನೆಯ ಲ್ಯಾಬ್ರಡಾರ್ ಪ್ರವಾಹ ದಕ್ಷಿಣಕ್ಕೆ, ನ್ಯೂಫೌಂಡ್‌ಲ್ಯಾಂಡ್ ದ್ವೀಪದತ್ತ ಎಳೆದೊಯ್ಯುತ್ತದೆ. ಸಾವಿರಾರು ಕಿಲೋಮೀಟರಿನ ಈ ಸುತ್ತಿಗೆ ಒಂದರಿಂದ ಮೂರು ವರ್ಷ ಬೇಕು. ಹೊರಟವುಗಳಲ್ಲಿ ಹೆಚ್ಚಿನವು ದಾರಿಯಲ್ಲೇ ಕರಗುತ್ತವೆ, ಕೆಲವು ಆಳವಿಲ್ಲದ ಕಡೆ ನೆಲ ಹಿಡಿಯುತ್ತವೆ. ಉಳಿದ ಸಣ್ಣ ಪಾಲು ಫೆಬ್ರವರಿಯಿಂದ ಜುಲೈವರೆಗೆ 48 ಡಿಗ್ರಿ ಉತ್ತರ ಅಕ್ಷಾಂಶ ದಾಟಿ, ಯುರೋಪು ಮತ್ತು ಅಮೆರಿಕಗಳ ನಡುವಿನ ಹಡಗುಗಳ ಹೆದ್ದಾರಿಗೆ ಬಂದು ಬೀಳುತ್ತದೆ.

ಈ ಪಾಲು ಪ್ರತಿವರ್ಷ ಒಂದೇ ಸಮ ಇರುವುದಿಲ್ಲ. 1984ರಲ್ಲಿ 48 ಡಿಗ್ರಿ ದಾಟಿದವು 2,202. 1966ರಲ್ಲಿ ಮತ್ತು 2006ರಲ್ಲಿ ಒಂದೂ ದಾಟಲಿಲ್ಲ. ಚಳಿಗಾಲದ ಗಾಳಿಯ ದಿಕ್ಕು, ಲ್ಯಾಬ್ರಡಾರ್ ಕರಾವಳಿಯಲ್ಲಿ ಹೆಪ್ಪುಗಟ್ಟಿದ ಕಡಲಿನ ಹರವು, ಪ್ರವಾಹದ ಬಿರುಸು ಇವೆಲ್ಲ ಕೂಡಿ ಇದನ್ನು ನಿರ್ಧರಿಸುತ್ತವೆ. ಬಂಡೆಗಳು ಬಂದು ಸೇರುವ, ನ್ಯೂಫೌಂಡ್‌ಲ್ಯಾಂಡಿನ ಬಳಿಯ ಗ್ರ್ಯಾಂಡ್ ಬ್ಯಾಂಕ್ಸ್ ಎಂಬ ಕಡಲಪ್ರದೇಶವೂ ನಾವಿಕರಿಗೆ ಸಲೀಸಾದ ಜಾಗವಲ್ಲ. ಲ್ಯಾಬ್ರಡಾರಿನ ತಣ್ಣೀರು ಮತ್ತು ಗಲ್ಫ್ ಸ್ಟ್ರೀಮ್ ಪ್ರವಾಹದ ಬೆಚ್ಚನೆಯ ನೀರು ಅಲ್ಲಿ ಎದುರುಬದುರಾಗುವುದರಿಂದ ದಟ್ಟ ಮಂಜು ಕವಿಯುತ್ತದೆ. ಹಿಮಬಂಡೆಗಳು ಹೆಚ್ಚಾಗಿ ಬರುವ ತಿಂಗಳುಗಳಲ್ಲೇ ಮಂಜೂ ಹೆಚ್ಚು.

ಹಿಮನದಿಯ ನೀರ್ಗಲ್ಲು ಘನ ಮೀಟರಿಗೆ ಸುಮಾರು 900 ಕಿಲೋ ತೂಗಿದರೆ, ಸಮುದ್ರದ ನೀರು ಸುಮಾರು 1,025 ಕಿಲೋ ತೂಗುತ್ತದೆ. ತೇಲುವ ವಸ್ತು ತನ್ನ ತೂಕದಷ್ಟೇ ನೀರನ್ನು ಪಕ್ಕಕ್ಕೆ ಸರಿಸಬೇಕು. ಈ ಲೆಕ್ಕದಲ್ಲಿ ಬಂಡೆಯ ಎಂಟು ಪಾಲಿನಲ್ಲಿ ಏಳು ಪಾಲು ನೀರಿನೊಳಗಿರುತ್ತದೆ. ಇದು ಗಾತ್ರದ ಮಾತು, ಎತ್ತರದ್ದಲ್ಲ. ಮೇಲೆ 30 ಮೀಟರ್ ಕಂಡರೆ ಕೆಳಗೆ 210 ಮೀಟರ್ ಇರಲೇಬೇಕೆಂದಿಲ್ಲ. ಮುಳುಗಿದ ಭಾಗ ಆಳಕ್ಕಿಂತ ಅಗಲಕ್ಕೇ ಹೆಚ್ಚು ಹರಡಿರಬಹುದು. ಹಡಗಿಗೆ ಅಪಾಯ ಹೆಚ್ಚಿಸುವುದು ಈ ಅಗಲವೇ. ಅಲೆಗಳು ನೀರಿನ ಮಟ್ಟದಲ್ಲಿ ಬಂಡೆಯನ್ನು ಕೊರೆದು ಮೇಲಿನ ಭಾಗವನ್ನು ಕಿರಿದಾಗಿಸುತ್ತವೆ; ಕೆಳಗಿನದು ನಾಲಗೆಯಂತೆ ಚಾಚಿ ಉಳಿಯುತ್ತದೆ. ಕಣ್ಣಿಗೆ ಕಾಣುವ ಬಂಡೆಯಿಂದ ಸಾಕಷ್ಟು ದೂರವಿದ್ದೇವೆ ಎಂದುಕೊಂಡ ಹಡಗಿನ ತಳ ಆ ನಾಲಗೆಗೆ ತಾಗುತ್ತದೆ. ಇದರ ಜೊತೆಗೆ, ಕರಗುತ್ತಿರುವ ಬಂಡೆಯ ತೂಕದ ಹಂಚಿಕೆ ಬದಲಾಗುತ್ತಲೇ ಇರುವುದರಿಂದ ಅದು ಯಾವ ಕ್ಷಣದಲ್ಲಾದರೂ ಮಗುಚಿಕೊಳ್ಳಬಹುದು. ಹತ್ತಿರ ಹೋಗಬಾರದು ಎಂದು ಅನುಭವಿ ನಾವಿಕರು ಹೇಳುವುದಕ್ಕೆ ಇದೂ ಕಾರಣ.

ಉಗಿಹಡಗುಗಳ ಕಾಲದಲ್ಲಿ ಅಟ್ಲಾಂಟಿಕ್ ದಾಟುವ ಕಂಪನಿಗಳ ನಡುವೆ ವೇಗದ ಪೈಪೋಟಿ ಜೋರಾಗಿತ್ತು. 1879ರ ನವೆಂಬರಿನಲ್ಲಿ ಅರಿಜೋನಾ ಎಂಬ ಹೊಸ ಪ್ರಯಾಣಿಕ ಹಡಗು ನ್ಯೂಫೌಂಡ್‌ಲ್ಯಾಂಡಿನ ಬಳಿ ರಾತ್ರಿ ಹೊತ್ತು ಹಿಮಬಂಡೆಯೊಂದಕ್ಕೆ ನೇರವಾಗಿ ಮೂತಿ ಗುದ್ದಿತು. ಮುಂಭಾಗ ನಜ್ಜುಗುಜ್ಜಾಯಿತು. ಆದರೆ ಅದರ ಹಿಂದಿದ್ದ ಅಡ್ಡಗೋಡೆ ನೀರನ್ನು ತಡೆದದ್ದರಿಂದ ಹಡಗು ಸೇಂಟ್ ಜಾನ್ಸ್ ಬಂದರನ್ನು ಸೇರಿತು. ಈ ಪಾರಾಗುವಿಕೆಯಿಂದ ಕಲಿಯಬೇಕಾದದ್ದು ಎಚ್ಚರ. ಹಡಗುಲೋಕ ಕಲಿತದ್ದು ಧೈರ್ಯ. ಅಡ್ಡಗೋಡೆಗಳಿದ್ದರೆ ಹಿಮಬಂಡೆಗೆ ಹೆದರಬೇಕಿಲ್ಲ ಎಂಬ ನಂಬಿಕೆ ಬೇರೂರಿತು. ಹವಾಮಾನ ತಿಳಿಯಾಗಿದ್ದರೆ ವೇಗ ತಗ್ಗಿಸದೆ, ಕಾವಲುಗಾರರ ಕಣ್ಣನ್ನು ನೆಚ್ಚಿ ಸಾಗುವುದು ಕ್ಯಾಪ್ಟನ್ನರ ರೂಢಿಯಾಯಿತು.

1912ರ ಏಪ್ರಿಲ್ 14ರ ರಾತ್ರಿ ಟೈಟಾನಿಕ್ ಸಾಗುತ್ತಿದ್ದದ್ದು ಇದೇ ರೂಢಿಯಂತೆ. ಸೌತಾಂಪ್ಟನ್ನಿನಿಂದ ಏಪ್ರಿಲ್ 10ರಂದು ಹೊರಟಿದ್ದ 269 ಮೀಟರ್ ಉದ್ದದ ಆ ಹಡಗಿನಲ್ಲಿ ಸುಮಾರು 2,200 ಜನರಿದ್ದರು. ಮುಂದೆ ಹಿಮಬಂಡೆಗಳಿವೆ ಎಂದು ಬೇರೆ ಹಡಗುಗಳು ಕಳಿಸಿದ ವೈರ್‌ಲೆಸ್ ಸಂದೇಶಗಳು ಅಂದು ಹಗಲಿನಿಂದಲೂ ಬಂದಿದ್ದವು. ಹತ್ತಿರದಲ್ಲೇ ಇದ್ದ ಕ್ಯಾಲಿಫೋರ್ನಿಯನ್ ಹಡಗು ಹಿಮದ ಹರವನ್ನು ಕಂಡು ರಾತ್ರಿಯ ಮಟ್ಟಿಗೆ ಎಂಜಿನ್ ನಿಲ್ಲಿಸಿತ್ತು. ಆ ಸುದ್ದಿ ತಿಳಿಸಲು ಹೋದ ಅದರ ಆಪರೇಟರನನ್ನು, ಪ್ರಯಾಣಿಕರ ಖಾಸಗಿ ತಂತಿಗಳನ್ನು ರವಾನಿಸುವ ಕೆಲಸದಲ್ಲಿ ಮುಳುಗಿದ್ದ ಟೈಟಾನಿಕ್ಕಿನ ಆಪರೇಟರ್ ತಡೆದು ಸುಮ್ಮನಾಗಿಸಿದ. ಸ್ವಲ್ಪ ಹೊತ್ತಿನ ನಂತರ ಕ್ಯಾಲಿಫೋರ್ನಿಯನ್ನಿನ ಆಪರೇಟರ್ ಯಂತ್ರ ಮುಚ್ಚಿ ಮಲಗಿದ.

ಅಂದು ರಾತ್ರಿ ಚಂದ್ರನಿರಲಿಲ್ಲ, ಗಾಳಿಯೂ ಇರಲಿಲ್ಲ. ಕಡಲು ಕದಲದೆ ನಿಂತಿತ್ತು. ಈ ಶಾಂತಿಯೇ ಮುಳುವಾಯಿತು. ಇರುಳಿನಲ್ಲಿ ಹಿಮಬಂಡೆಯನ್ನು ದೂರದಿಂದ ಗುರುತಿಸುವುದು ಅದರ ಬುಡಕ್ಕೆ ಅಲೆ ಬಡಿದು ಏಳುವ ಬಿಳಿ ನೊರೆಯಿಂದ. ಅಲೆಯಿಲ್ಲದಿದ್ದರೆ ನೊರೆಯೂ ಇಲ್ಲ. ನಕ್ಷತ್ರಗಳ ಮಿಣುಕು ಬೆಳಕಿನಲ್ಲಿ ಬಂಡೆ ಬೆಳ್ಳಗೆ ಕಾಣುವುದಿಲ್ಲ, ಹಿಂದಿನ ಆಕಾಶಕ್ಕಿಂತ ಕಪ್ಪಾದ ಒಂದು ಆಕಾರವಾಗಿ ಕಾಣುತ್ತದೆ. ಕಾವಲುಗಾರ ಫ್ರೆಡರಿಕ್ ಫ್ಲೀಟ್ ಅದನ್ನು ಕಂಡು ಮೂರು ಬಾರಿ ಗಂಟೆ ಬಾರಿಸಿ, ಫೋನ್ ಎತ್ತಿ ಸುದ್ದಿ ಮುಟ್ಟಿಸಿದಾಗ ಗಂಟೆ 11:40 ಆಗಿತ್ತು. ಹಡಗಿನ ವೇಗ ಸುಮಾರು 22 ನಾಟ್, ಅಂದರೆ ಸೆಕೆಂಡಿಗೆ 11 ಮೀಟರಿಗೂ ಹೆಚ್ಚು. ಅರ್ಧ ನಿಮಿಷವೆಂದರೆ 340 ಮೀಟರ್. ಅಧಿಕಾರಿ ವಿಲಿಯಂ ಮರ್ಡಾಕ್ ಹಡಗನ್ನು ಎಡಕ್ಕೆ ತಿರುಗಿಸಲು ಆಜ್ಞೆ ಮಾಡಿದ. ಮೂತಿ ತಪ್ಪಿತು, ಬಲಪಕ್ಕೆ ತಪ್ಪಲಿಲ್ಲ.

ಬಂಡೆ ಹಡಗನ್ನು ಉದ್ದುದ್ದ ಸೀಳಿತು ಎಂಬ ಕಲ್ಪನೆ ಬಹುಕಾಲ ಚಾಲ್ತಿಯಲ್ಲಿತ್ತು. ಹಡಗು ಕಟ್ಟಿದ ಸಂಸ್ಥೆಯ ಎಂಜಿನಿಯರ್ ಎಡ್ವರ್ಡ್ ವೈಲ್ಡಿಂಗ್ ನೀರು ನುಗ್ಗಿದ ವೇಗದಿಂದ ಲೆಕ್ಕ ಹಾಕಿ, ತೂತುಗಳ ಒಟ್ಟು ವಿಸ್ತಾರ ಒಂದು ಚದರ ಮೀಟರಿಗಿಂತ ಸ್ವಲ್ಪವೇ ಹೆಚ್ಚು ಎಂದು 1912ರ ವಿಚಾರಣೆಯಲ್ಲೇ ಹೇಳಿದ್ದರು. 1985ರಲ್ಲಿ ಅವಶೇಷ ಸುಮಾರು 3,800 ಮೀಟರ್ ಆಳದಲ್ಲಿ ಪತ್ತೆಯಾಯಿತು. 1996ರಲ್ಲಿ ಶಬ್ದತರಂಗಗಳಿಂದ ಅದನ್ನು ಪರೀಕ್ಷಿಸಿದಾಗ ಕಂಡದ್ದು ಆರು ಕಿರಿದಾದ ಬಿರುಕುಗಳು. ವೈಲ್ಡಿಂಗ್ ಅವರ ಲೆಕ್ಕ ಸರಿಯಾಗಿತ್ತು. ಮಾರಕವಾದದ್ದು ತೂತಿನ ಗಾತ್ರವಲ್ಲ, ಅದು ಹರಡಿಕೊಂಡ ರೀತಿ. ಅಡ್ಡಗೋಡೆಗಳ ನಡುವಿನ ಕೋಣೆಗಳಲ್ಲಿ ಮುಂದಿನ ನಾಲ್ಕಕ್ಕೆ ನೀರು ತುಂಬಿದರೂ ತೇಲುವಂತೆ ಕಟ್ಟಿದ್ದ ಹಡಗಿನಲ್ಲಿ ಅದಕ್ಕಿಂತ ಹೆಚ್ಚು ಕೋಣೆಗಳು ಒಡೆದಿದ್ದವು. ಮೂತಿ ತಗ್ಗಿದಂತೆ ನೀರು ಅಡ್ಡಗೋಡೆಗಳ ನೆತ್ತಿ ದಾಟಿ ಹಿಂದಿನ ಕೋಣೆಗಳಿಗೂ ಹರಿಯಿತು. ನೇರವಾಗಿ ಗುದ್ದಿದ್ದರೆ ಹಡಗು ಉಳಿಯುತ್ತಿತ್ತೆಂದು ವೈಲ್ಡಿಂಗ್ ಸಾಕ್ಷ್ಯ ನುಡಿದರು. ಆದರೆ ಎದುರಿಗೆ ಅಡ್ಡಿ ಕಂಡಾಗ ತಿರುಗಿಸದೆ ಗುದ್ದಲು ಯಾವ ಅಧಿಕಾರಿಯ ಮನಸ್ಸೂ ಒಪ್ಪಲಾರದು. ಮರ್ಡಾಕನನ್ನು ದೂರುವುದು ನ್ಯಾಯವಲ್ಲ. ತಪ್ಪು ನಡೆದದ್ದು ಅದಕ್ಕೆ ಎಷ್ಟೋ ತಾಸು ಮೊದಲು, ವೇಗ ತಗ್ಗಿಸದಿದ್ದಾಗ.

ಬೆಳಗಿನ ಜಾವ 2:20ಕ್ಕೆ ಹಡಗು ಮುಳುಗಿತು. ಜೀವರಕ್ಷಕ ದೋಣಿಗಳಲ್ಲಿದ್ದ ಜಾಗ 1,178 ಜನರಿಗೆ ಮಾತ್ರ, ಅದೂ ಪೂರ್ತಿ ತುಂಬಲಿಲ್ಲ. ಸುಮಾರು 1,500 ಜನ ಸತ್ತರು. ಅವರಲ್ಲಿ ಎಷ್ಟೋ ಮಂದಿ ತೇಲುಕವಚ ತೊಟ್ಟಿದ್ದವರು. ಸೊನ್ನೆಗೂ ಎರಡು ಡಿಗ್ರಿ ಕೆಳಗಿದ್ದ ಉಪ್ಪುನೀರಿನ ಚಳಿ ಅವರನ್ನು ಕೊಂದಿತು. ಹಿಮಬಂಡೆಗಳ ನಡುವೆ ಹಡಗು ಒಡೆದರೆ ಈಜು ಬಲ್ಲವರಿಗೂ ಉಳಿಗಾಲವಿಲ್ಲ ಎಂಬುದನ್ನು ಈ ದುರಂತ ಕಟುವಾಗಿ ತೋರಿಸಿತು. ಬ್ರಿಟನ್ನಿನ ವಿಚಾರಣೆ ಟೈಟಾನಿಕ್ಕಿನ ಕ್ಯಾಪ್ಟನ್ ಸ್ಮಿತ್ ಮೇಲೆ ಕರ್ತವ್ಯಲೋಪದ ಆರೋಪ ಹೊರಿಸಲಿಲ್ಲ, ಅವರು ದಶಕಗಳ ರೂಢಿಯನ್ನೇ ಅನುಸರಿಸಿದ್ದರು ಎಂದಿತು. ಇನ್ನು ಮುಂದೆ ಯಾರಾದರೂ ಹಾಗೆ ಮಾಡಿದರೆ ಅದು ಲೋಪವೇ ಎಂದೂ ಸೇರಿಸಿತು.

1913ರ ನವೆಂಬರಿನಲ್ಲಿ ಲಂಡನ್ನಿನಲ್ಲಿ ಸೇರಿದ ಅಂತರರಾಷ್ಟ್ರೀಯ ಸಮ್ಮೇಳನ ಹಡಗುಗಳ ಸುರಕ್ಷತೆಗೆ ಒಂದು ಒಪ್ಪಂದ ರೂಪಿಸಿತು. ಹಾದಿಯಲ್ಲಿ ಹಿಮವಿದೆ ಎಂಬ ಸೂಚನೆ ಬಂದರೆ ರಾತ್ರಿ ಹೊತ್ತು ವೇಗ ತಗ್ಗಿಸಬೇಕು, ಇಲ್ಲವೇ ದಾರಿ ಬದಲಿಸಬೇಕು ಎಂಬ ನಿಯಮ ಬಂತು. ಅದೇ ಒಪ್ಪಂದದಂತೆ 1914ರಲ್ಲಿ ಅಂತರರಾಷ್ಟ್ರೀಯ ಹಿಮ ಗಸ್ತು ಆರಂಭವಾಯಿತು. ಅಮೆರಿಕದ ಕೋಸ್ಟ್ ಗಾರ್ಡ್ ಇದನ್ನು ನಡೆಸುತ್ತದೆ, ಖರ್ಚನ್ನು ಹಲವು ದೇಶಗಳು ಹಂಚಿಕೊಳ್ಳುತ್ತವೆ. ಮೊದಲಿಗೆ ಗಸ್ತು ಹಡಗುಗಳು ಬಂಡೆಗಳ ಬೆನ್ನು ಹತ್ತಿ ತಿರುಗುತ್ತಿದ್ದವು. 1928ರಲ್ಲಿ ಕೋಸ್ಟ್ ಗಾರ್ಡಿನ ಅಧಿಕಾರಿ ಎಡ್ವರ್ಡ್ ಎಚ್. ಸ್ಮಿತ್ (ಟೈಟಾನಿಕ್ಕಿನ ಕ್ಯಾಪ್ಟನ್ನರ ಹೆಸರೂ ಎಡ್ವರ್ಡ್ ಸ್ಮಿತ್ ಆದರೂ ಇವರು ಬೇರೆ) ಮೇರಿಯನ್ ಎಂಬ ಪುಟ್ಟ ಹಡಗಿನಲ್ಲಿ ಬ್ಯಾಫಿನ್ ಕೊಲ್ಲಿಯವರೆಗೆ ಹೋಗಿ, ನೀರಿನ ಉಷ್ಣತೆ ಮತ್ತು ಉಪ್ಪಿನಂಶ ಅಳೆದು ಬಂದರು. ಈ ಎರಡು ಅಳತೆಗಳಿಂದ ನೀರಿನ ಸಾಂದ್ರತೆಯನ್ನೂ, ಅದರಿಂದ ಪ್ರವಾಹದ ದಿಕ್ಕು ಮತ್ತು ವೇಗವನ್ನೂ ಲೆಕ್ಕ ಹಾಕಬಹುದು. ಬಂಡೆ ಎಲ್ಲಿದೆ ಎಂದು ನೋಡುವುದರ ಜೊತೆಗೆ ನಾಳೆ ಎಲ್ಲಿರುತ್ತದೆ ಎಂದು ಅಂದಾಜಿಸುವ ವಿದ್ಯೆ ಹೀಗೆ ಬೆಳೆಯಿತು. ಎರಡನೆಯ ಮಹಾಯುದ್ಧ ಮುಗಿದ ಮೇಲೆ ವಿಮಾನಗಳು, ಆಮೇಲೆ ಮೋಡ ಮಂಜುಗಳ ಆಚೆಗೂ ನೋಡಬಲ್ಲ ರೇಡಾರ್, ಈಗ ಉಪಗ್ರಹಗಳು ಈ ಕೆಲಸಕ್ಕೆ ಒದಗಿವೆ. ಕಂಪ್ಯೂಟರ್ ಲೆಕ್ಕಾಚಾರದಿಂದ ಹಿಮಬಂಡೆಗಳ ಗಡಿರೇಖೆಯನ್ನು ಗುರುತಿಸಿ ಹಡಗುಗಳಿಗೆ ತಿಳಿಸಲಾಗುತ್ತದೆ. ಗಸ್ತು ಸಾರಿದ ಗಡಿಯನ್ನು ಪಾಲಿಸಿದ ಯಾವ ಹಡಗೂ ಇಂದಿಗೂ ಹಿಮಬಂಡೆಗೆ ಡಿಕ್ಕಿ ಹೊಡೆದಿಲ್ಲ.

ಬಂಡೆಗಳನ್ನೇ ನಾಶ ಮಾಡಿದರಾಗದೇ ಎಂಬ ಯೋಚನೆಯೂ ಬಂದಿತ್ತು. ಗುಂಡು ಹಾರಿಸಿದರು, ಸಿಡಿಮದ್ದು ಇಟ್ಟರು, ಬಾಂಬು ಹಾಕಿದರು, ಬಿಸಿಲು ಹೆಚ್ಚು ಹೀರಲೆಂದು ಮಸಿ ಬಳಿದರು. ಯಾವುದೂ ಫಲಿಸಲಿಲ್ಲ. ಒಂದು ಕಿಲೋ ನೀರ್ಗಲ್ಲು ಕರಗಲು 334 ಕಿಲೋಜೂಲ್ ಶಾಖ ಬೇಕು. ಎರಡು ಲಕ್ಷ ಟನ್ನಿನ ಸಾಧಾರಣ ಬಂಡೆಯನ್ನು ಕರಗಿಸಲು ಬೇಕಾಗುವುದು ಹೆಚ್ಚುಕಡಿಮೆ ಹಿರೋಶಿಮಾದ ಅಣುಬಾಂಬು ಹೊಮ್ಮಿಸಿದಷ್ಟು ಶಕ್ತಿ. ಅದೇ ಕೆಲಸವನ್ನು ಗಲ್ಫ್ ಸ್ಟ್ರೀಮಿನ ಬೆಚ್ಚನೆಯ ನೀರು ಕೆಲವು ದಿನಗಳಲ್ಲಿ ಮಾಡಿ ಮುಗಿಸುತ್ತದೆ. ಸ್ಥಳ ಬಿಟ್ಟು ಕದಲಲಾಗದ ತೈಲಬಾವಿ ವೇದಿಕೆಗಳು ಮಾತ್ರ ಬೇರೆ ಉಪಾಯ ಹೂಡಬೇಕು. ನ್ಯೂಫೌಂಡ್‌ಲ್ಯಾಂಡಿನ ಪೂರ್ವಕ್ಕೆ 315 ಕಿಲೋಮೀಟರ್ ದೂರದ ಹೈಬರ್ನಿಯಾ ವೇದಿಕೆಗೆ ಬಂಡೆಯ ಪೆಟ್ಟು ತಾಳುವ ಕಾಂಕ್ರೀಟ್ ಗೋಡೆಯೇ ಇದೆ. ಆ ಕಡಲಿನಲ್ಲಿ ವೇದಿಕೆಗಳತ್ತ ಬರುವ ಬಂಡೆಗೆ ಟಗ್ ಹಡಗುಗಳು ಹಗ್ಗ ಸುತ್ತಿ ನಿಧಾನವಾಗಿ ಎಳೆದು ದಿಕ್ಕು ತಪ್ಪಿಸುತ್ತವೆ.

ಗಸ್ತಿನ ಕಣ್ಣಿಗೆ ಬೀಳದ ಕಡಲುಗಳಲ್ಲಿ ಅಪಾಯ ಹಾಗೇ ಉಳಿಯಿತು. ಡೆನ್ಮಾರ್ಕಿನ ಹನ್ಸ್ ಹೆಡ್‌ಟಾಫ್ಟ್ ಹಡಗು ಹಿಮದ ಕಡಲಿಗೆಂದೇ ಗಟ್ಟಿಯಾಗಿ ಕಟ್ಟಿದ್ದು. ಟೈಟಾನಿಕ್‌ನಂತೆ ಅದೂ ಮುಳುಗಿದ್ದು ಮೊದಲ ಯಾನದಲ್ಲೇ. ಗ್ರೀನ್‌ಲ್ಯಾಂಡಿನಿಂದ ಮರಳುವಾಗ 1959ರ ಜನವರಿ 30ರಂದು, ಆ ದ್ವೀಪದ ದಕ್ಷಿಣ ತುದಿಯ ಬಳಿ ಬಿರುಗಾಳಿಯಲ್ಲಿ ಹಿಮಬಂಡೆಗೆ ಬಡಿಯಿತು. ಹಡಗಿನಿಂದ ಸಂದೇಶಗಳು ಬಂದವು, ನೆರವಿಗೆ ಯಾರಿಗೂ ತಲುಪಲಾಗಲಿಲ್ಲ. 95 ಜನರಲ್ಲಿ ಒಬ್ಬರೂ ಉಳಿಯಲಿಲ್ಲ. ತಿಂಗಳುಗಳ ನಂತರ ಐಸ್‌ಲ್ಯಾಂಡಿನ ದಡಕ್ಕೆ ಬಂದ ಒಂದು ಜೀವರಕ್ಷಕ ಬಳೆಯನ್ನು ಬಿಟ್ಟರೆ ಮತ್ತೇನೂ ಸಿಗಲಿಲ್ಲ.

ರೇಡಾರ್ ಬಂದ ಮೇಲೂ ಚಿಕ್ಕ ತುಂಡುಗಳು ತೊಡಕಾಗಿಯೇ ಉಳಿದಿವೆ. ನೀರ್ಗಲ್ಲು ರೇಡಾರಿನ ಅಲೆಗಳನ್ನು ಉಕ್ಕಿನಷ್ಟು ಚೆನ್ನಾಗಿ ಹಿಂತಿರುಗಿಸುವುದಿಲ್ಲ. ದೊಡ್ಡ ಬಂಡೆಯಿಂದ ಕಳಚಿ, ನೀರಿನಿಂದ ಒಂದು ಮೀಟರ್ ಕೂಡ ಮೇಲೇಳದ ತುಂಡು ಕಡಲು ಕೆರಳಿದಾಗ ಅಲೆಗಳ ಮರುದನಿಯಲ್ಲಿ ಕಳೆದುಹೋಗುತ್ತದೆ. ಅಂಥ ತುಂಡೂ ಹತ್ತಾರು ಟನ್ ತೂಗಬಹುದು.

ಅಂಟಾರ್ಕ್ಟಿಕಾದ ಬಂಡೆಗಳ ಗಾತ್ರ ಬೇರೆಯೇ ಅಳತೆಯದು. 2000ದ ಮಾರ್ಚಿನಲ್ಲಿ ರಾಸ್ ಹಿಮಚಾಚಿನಿಂದ ಬೇರ್ಪಟ್ಟ ಬಿ-15 ಎಂಬ ಚಪ್ಪಟೆ ಬಂಡೆ ಸುಮಾರು 11,000 ಚದರ ಕಿಲೋಮೀಟರ್ ಇತ್ತು. ಇಂಥವನ್ನು ಉಪಗ್ರಹಗಳು ಸುಲಭವಾಗಿ ಹಿಂಬಾಲಿಸುತ್ತವೆ, ಆದ್ದರಿಂದ ಹಡಗುಗಳಿಗೆ ಇವು ಅಷ್ಟಾಗಿ ಗಂಡಾಂತರ ತರುವುದಿಲ್ಲ. ಹಾಗೆಂದು ಅಲ್ಲಿನ ಕಡಲು ನಿರಪಾಯವಲ್ಲ. 2007ರ ನವೆಂಬರ್ 23ರಂದು ಅಂಟಾರ್ಕ್ಟಿಕಾ ಬಳಿಯ ದಕ್ಷಿಣ ಶೆಟ್‌ಲ್ಯಾಂಡ್ ದ್ವೀಪಗಳ ಹತ್ತಿರ ಎಕ್ಸ್‌ಪ್ಲೋರರ್ ಎಂಬ ಪ್ರವಾಸಿ ಹಡಗು ರಾತ್ರಿ ಹೊತ್ತು ಹಿಮಕ್ಕೆ ಬಡಿದು ತೂತಾಯಿತು. 1969ರಲ್ಲಿ ಧ್ರುವಪ್ರದೇಶಕ್ಕೆಂದೇ ಕಟ್ಟಿದ ಹಡಗು ಅದು. ತೆರೆದ ದೋಣಿಗಳಲ್ಲಿ ಗಂಟೆಗಟ್ಟಲೆ ಕಾದ 154 ಜನರನ್ನೂ ನಾರ್ವೆಯ ನಾರ್ಡ್‌ನಾರ್ಗೆ ಹಡಗು ಬಂದು ಎತ್ತಿಕೊಂಡಿತು. ಕಡಲು ಶಾಂತವಾಗಿದ್ದದ್ದು, ಮತ್ತೊಂದು ಹಡಗು ಹತ್ತಿರವಿದ್ದದ್ದು ಅವರ ಪುಣ್ಯ. ಧ್ರುವಗಳತ್ತ ಹೋಗುವ ಪ್ರವಾಸಿ ಹಡಗುಗಳ ಸಂಖ್ಯೆ ಅಲ್ಲಿಂದೀಚೆಗೆ ಹೆಚ್ಚಿದೆ. 2017ರ ಜನವರಿ 1ರಿಂದ ಜಾರಿಗೆ ಬಂದ ಧ್ರುವ ಸಂಹಿತೆ ಇಂಥ ಹಡಗುಗಳ ಕಟ್ಟೋಣ, ಸಿಬ್ಬಂದಿಯ ತರಬೇತಿ, ಚಳಿ ತಡೆಯುವ ಜೀವರಕ್ಷಕ ಸಾಧನಗಳನ್ನು ಕಡ್ಡಾಯ ನಿಯಮಗಳಿಗೆ ಒಳಪಡಿಸಿದೆ. ನೆರವು ಬರುವವರೆಗೆ, ಕಡಿಮೆಯೆಂದರೆ ಐದು ದಿನ, ಜನ ಬದುಕಿರಲು ಬೇಕಾದ ಏರ್ಪಾಡು ಹಡಗಿನಲ್ಲಿರಬೇಕು ಎಂಬುದು ಅದರಲ್ಲೊಂದು ನಿಯಮ.