ಸೀಟಿ ಹೊಡೆದವರೇ, ಈ ಅಕ್ಕನ ಮಾತು ಕೇಳಿ!

ನಮ್ಮ ಕೊಂಕಲ್ ಕಡೆ ಜಾತ್ರೆಗೆ ನಾಟಕ ಕಂಪನಿ ಬಂದಿತ್ತು. ಹೀರೋಯಿನ್ ಬಂದರೆ ಒಂದು ಸೀಟಿ, ಹಾಸ್ಯಪಾತ್ರದ ಹೆಣ್ಮಗಳು ಬಂದರೆ ಹತ್ತು! ಡಬಲ್ ಮೀನಿಂಗ್ ಡೈಲಾಗಿಗೆ ನಾನೂ ಹೊಡೆದವನೇ, ಸುಳ್ಯಾಕೆ? ಆಟ ಮುಗಿದ ಮೇಲೆ ಟೆಂಟಿನ ಹಿಂದೆ ಹೋಗಿ ಮಾತಾಡಿಸಿದೆ.

"ತಮ್ಮಾ, ನಗೋರು ನೀವು, ಹೆಸರು ಕೆಡೋದು ನಮ್ದು" ಅಂದರು ಆ ಅಕ್ಕ.

ಥಟ್ಟನೆ ಉಮಾಶ್ರೀ ನೆನಪಾದರು. ಸೀರೆಯುಟ್ಟ ಗಂಡಸರೇ ಹೆಣ್ಣಾಗಿ ನಗಿಸುತ್ತಿದ್ದ ಕಾಲ ದಾಟಿ ಬಂದ ರಂಗಭೂಮಿಯಿಂದಲೇ ಬಂದವರು. 1984ರಲ್ಲಿ ಕಾಶೀನಾಥರ 'ಅನುಭವ', ಆಮೇಲೆ ಎನ್.ಎಸ್. ರಾವ್ ಜೋಡಿ. ಥಿಯೇಟರ್ ತುಂಬಾ ನಗೆ! ಆದರೆ ಜನ ಕಟ್ಟಿದ್ದು ಡಬಲ್ ಮೀನಿಂಗ್ ನಟಿ ಎಂಬ ಹಣೆಪಟ್ಟಿ. ಅದೇ ಉಮಾಶ್ರೀ ರಂಗದ ಮೇಲೆ ದೇವನೂರ ಮಹಾದೇವರ 'ಒಡಲಾಳ'ದ ಮುದುಕಿ ಸಾಕವ್ವನಾದರು. ಗಿರೀಶ್ ಕಾಸರವಳ್ಳಿಯವರ 'ಗುಲಾಬಿ ಟಾಕೀಸ್' (2008) ಚಿತ್ರದ ಸಿನಿಮಾ ಹುಚ್ಚಿನ ಸೂಲಗಿತ್ತಿ ಪಾತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತು. 2013ರಲ್ಲಿ ಮಂತ್ರಿಯೂ ಆದರು. ಸೀಟಿ ಹೊಡೆದವರು ಎಲ್ಲಿದ್ದೀರಪ್ಪಾ?

ಕಂಪನಿಯ ಪೋಸ್ಟರಿನಲ್ಲಿ ಹೀರೋಯಿನ್ ಫೋಟೋ ದೊಡ್ಡದಾಗಿತ್ತು. ಅಕ್ಕನ ಹೆಸರೇ ಇಲ್ಲ. ನಾನಾದರೂ ಬರೆಯೋಣವೆಂದು ಕೇಳಿದೆ.

"ಬ್ಯಾಡ ತಮ್ಮಾ. ಊರಾಗ ಮಗಳು ಕಾಲೇಜಿಗೆ ಹೊಂಟಾಳ."