ಆಟ ಮುಗಿದ ಮೇಲೆ ಬರೆಯಬೇಕಾದ ಪುಸ್ತಕ

1883ರಲ್ಲಿ ರವೀಂದ್ರನಾಥ ಠಾಕೂರರು ಕಾರವಾರದಲ್ಲಿದ್ದಾಗ ಅವರಿಗೆ ಇಪ್ಪತ್ತೆರಡು ವರ್ಷ. ಐಸಿಎಸ್ ಪಾಸಾದ ಮೊದಲ ಭಾರತೀಯರಾದ ಅಣ್ಣ ಸತ್ಯೇಂದ್ರನಾಥರು ಆಗ ಮುಂಬಯಿ ಪ್ರಾಂತ್ಯಕ್ಕೆ ಸೇರಿದ್ದ ಈ ಉತ್ತರ ಕನ್ನಡ ಜಿಲ್ಲೆಯಲ್ಲಿ ನ್ಯಾಯಾಧೀಶರಾಗಿದ್ದರು. ಗಾಳಿಮರಗಳ ಈ ದಂಡೆಯ ಮೇಲೆ ತರುಣ ಕವಿ ಬರೆದ ನಾಟಕ ‘ಪ್ರಕೃತಿರ ಪ್ರತಿಶೋಧ’. ಅದು ಪುಸ್ತಕವಾಗಿ ಹೊರಬಂದದ್ದು 1884ರಲ್ಲಿ. ಎಲ್ಲ ಬಂಧನ ಕಡಿದುಕೊಂಡು ಪ್ರಕೃತಿಯನ್ನೇ ಗೆಲ್ಲಲು ಹೊರಟ ಸನ್ಯಾಸಿಯೊಬ್ಬ, ಊರೆಲ್ಲ ದೂರವಿಟ್ಟ ಅನಾಥ ಹುಡುಗಿಯೊಬ್ಬಳ ಮಮತೆಗೆ ಸೋಲುತ್ತಾನೆ. ಆ ಸೋಲಿಗೆ ಹೆದರಿ ಅವಳನ್ನು ಬಿಟ್ಟು ಓಡುತ್ತಾನೆ. ಮನಸ್ಸು ಬದಲಿಸಿ ಮರಳಿ ಬರುವ ಹೊತ್ತಿಗೆ ಕಾಲ ಮಿಂಚಿರುತ್ತದೆ. ತಮ್ಮ ಮುಂದಿನ ಬರವಣಿಗೆಗೆಲ್ಲ ಈ ನಾಟಕವೇ ಮುನ್ನುಡಿ ಎನ್ನುವ ಅರ್ಥದ ಮಾತನ್ನು ಠಾಕೂರರೇ 1912ರ ಆತ್ಮಕಥನ ‘ಜೀವನಸ್ಮೃತಿ’ಯಲ್ಲಿ ಬರೆದರು. ಕಾಳಿ ನದಿಯಲ್ಲಿ ದೋಣಿ ಹತ್ತಿ ಶಿವಾಜಿಯ ಕಾಲದ ಕೋಟೆಯತ್ತ ಹೋದದ್ದನ್ನೂ, ಬೆಳದಿಂಗಳಲ್ಲಿ ಮರಳಿದ್ದನ್ನೂ, ಊರಿಗೆ ಹಿಂತಿರುಗುವ ಹಡಗಿನಲ್ಲಿ ನಾಟಕದ ಕೆಲವು ಹಾಡು ಕಟ್ಟಿದ್ದನ್ನೂ ಅಲ್ಲಿಯೇ ದಾಖಲಿಸಿದರು. ಇಂದು ಕಾರವಾರದ ಕಡಲತೀರಕ್ಕೆ ಅವರ ಹೆಸರಿದೆ. ಆದರೆ ನಾಟಕದ ಪುಟಗಳಲ್ಲಿ ಎಲ್ಲಿಯೂ ಕಾರವಾರವೆಂಬ ಊರಿಲ್ಲ. ಈ ತೀರಕ್ಕೂ ಆ ನಾಟಕಕ್ಕೂ ಇರುವ ಸಂಬಂಧ ನಮಗೆ ತಿಳಿದದ್ದು ನಾಟಕದಿಂದಲ್ಲ, ನಾಟಕ ಹುಟ್ಟಿದ ಬಗೆಯನ್ನು ಹೇಳಿದ ಇನ್ನೊಂದು ಪುಸ್ತಕದಿಂದ.

ಈ ಸಂಗತಿ ಕಾರವಾರ ಮತ್ತು ಅಂಕೋಲೆಯ ರಂಗಚರಿತ್ರೆಗೆ ಒಂದು ಪಾಠವಾಗಬೇಕು ಎಂಬುದು ನನ್ನ ವಾದ. ನಾಟಕದ ಪುಸ್ತಕ ಬೇರೆ, ನಾಟಕದ ಬಗೆಗಿನ ಪುಸ್ತಕ ಬೇರೆ. ಮೊದಲನೆಯದು ಮಾತುಗಳನ್ನು ಉಳಿಸುತ್ತದೆ. ಎರಡನೆಯದು ಆ ಮಾತು ಯಾರ ಬಾಯಲ್ಲಿ, ಯಾವ ಊರಲ್ಲಿ, ಯಾರ ಎದುರು, ಎಂಥ ಬೆಳಕಿನಲ್ಲಿ ಜೀವ ತಳೆಯಿತು ಎಂಬುದನ್ನು ಉಳಿಸುತ್ತದೆ. ಈ ಕರಾವಳಿಗೆ ನಾಟಕ ಕಟ್ಟುವ, ಆಡುವ, ನೋಡುವ ಶಕ್ತಿ ಎಂದೂ ಕಡಿಮೆಯಾಗಿರಲಿಲ್ಲ. ರಾತ್ರಿಯಿಡೀ ನಡೆಯುವ ಯಕ್ಷಗಾನ, ಜಾತ್ರೆಗೆ ಊರಿನ ಹುಡುಗರು ಪರದೆ ಕಟ್ಟಿ ಆಡುವ ಕನ್ನಡ, ಕೊಂಕಣಿ ನಾಟಕ, ಹಾಲಕ್ಕಿ ಒಕ್ಕಲಿಗರ ಸುಗ್ಗಿ ಕುಣಿತ, ಇವೆಲ್ಲ ಇಲ್ಲಿನ ಬದುಕಿನ ಭಾಗವೇ ಆಗಿವೆ. ಕಡಿಮೆಯಾದದ್ದು ಆಡಿದ್ದನ್ನು ಬರೆದಿಡುವ ರೂಢಿ. ಪ್ರಯೋಗದ ಬಗ್ಗೆ ಬರೆಯುವುದನ್ನು ನಾವು ನಾಟಕದ ನಂತರದ ಪುರವಣಿ ಕೆಲಸವೆಂದು ಬಗೆದಿದ್ದೇವೆ. ಅದು ನಾಟಕದ ಕೆಲಸದ ಅರ್ಧಭಾಗ.

ಬರೆದಿಡದೆ ಹೋದರೆ ಏನಾಗುತ್ತದೆ ಎಂಬುದಕ್ಕೆ ಈ ಜಿಲ್ಲೆಯೇ ದೊಡ್ಡ ಸಾಕ್ಷಿ. 1843ರ ನವೆಂಬರ್ 5ರಂದು ಸಾಂಗ್ಲಿಯಲ್ಲಿ ವಿಷ್ಣುದಾಸ ಭಾವೆಯವರು ‘ಸೀತಾ ಸ್ವಯಂವರ’ ಆಡಿಸಿದರು. ಮಹಾರಾಷ್ಟ್ರ ಇಂದಿಗೂ ಆ ದಿನವನ್ನು ಮರಾಠಿ ರಂಗಭೂಮಿ ದಿನವೆಂದು ಆಚರಿಸುತ್ತದೆ. ಆ ಪ್ರಯೋಗಕ್ಕೆ ಪ್ರೇರಣೆಯಾದದ್ದು ಅದಕ್ಕೆ ಸ್ವಲ್ಪ ಮೊದಲು ಸಾಂಗ್ಲಿಯ ದೊರೆ ಪಟವರ್ಧನರ ಎದುರು ಆಡಿದ ಕರ್ನಾಟಕದ ಭಾಗವತ ಮಂಡಳಿಯೆಂದು ಮರಾಠಿ ರಂಗಚರಿತ್ರೆಗಳೇ ಹೇಳುತ್ತವೆ. ಅದು ನಮ್ಮ ಜಿಲ್ಲೆಯ ಹೊನ್ನಾವರ ಸೀಮೆಯ ಕರ್ಕಿಯ ಮೇಳವೆಂದು ಹಲವು ವಿದ್ವಾಂಸರ ಅಭಿಪ್ರಾಯ. ಸಾಂಗ್ಲಿಯವರ ಕೈಯಲ್ಲಿ ತಾರೀಖಿದೆ, ನಾಟಕದ ಹೆಸರಿದೆ, ಕರ್ತೃವಿನ ಹೆಸರಿದೆ. ನಮ್ಮ ಕೈಯಲ್ಲಿರುವುದು ಒಂದು ಹೆಮ್ಮೆ ಮಾತ್ರ. ಆ ಮೇಳ ಅಂದು ಯಾವ ಪ್ರಸಂಗ ಆಡಿತು, ಭಾಗವತರು ಯಾರು, ಹಾಸ್ಯಗಾರ ಯಾರು, ವೇಷ ಹೇಗಿತ್ತು ಎಂದು ಕೇಳಿದರೆ ಸಾಮಾನ್ಯ ಓದುಗನಿಗೆ ಉತ್ತರ ಸಿಗುವುದಿಲ್ಲ. ಎರಡು ಕಡೆಯ ಪ್ರತಿಭೆಯಲ್ಲಿ ಕೊರತೆ ಇರಲಿಲ್ಲ. ವ್ಯತ್ಯಾಸ ಬರವಣಿಗೆಯಲ್ಲಿತ್ತು. ನೆರೆಭಾಷೆಯೊಂದರ ರಂಗಭೂಮಿಗೆ ಕಿಡಿ ಕೊಟ್ಟ ಆಟ, ಆ ಭಾಷೆಯ ಚರಿತ್ರೆಯಲ್ಲಿ ಪೀಠಿಕೆಯಾಗಿ ಉಳಿಯಿತು. ಸ್ವಂತ ಚರಿತ್ರೆಯಾಗಿ ಉಳಿಯಲಿಲ್ಲ.

ಯಕ್ಷಗಾನದ ಮಟ್ಟಿಗಂತೂ ಅಚ್ಚಾದ ಕೃತಿ ಪ್ರಯೋಗದ ಸಣ್ಣ ಅಂಶ ಮಾತ್ರ. ಪ್ರಸಂಗದ ಪುಸ್ತಕದಲ್ಲಿರುವುದು ಭಾಗವತರು ಹಾಡುವ ಪದ್ಯಗಳು. ಪಾತ್ರಧಾರಿ ಆಡುವ ಅರ್ಥ ಆ ರಾತ್ರಿಯೇ ಹುಟ್ಟುತ್ತದೆ. ಎದುರು ಪಾತ್ರದವನ ಮಾತಿನ ವರಸೆ, ಆತನ ಓದು, ಸಭೆಯ ಒಲವು, ಚಂಡೆ ಮದ್ದಳೆಯ ಹುರುಪು ಸೇರಿ ಅದನ್ನು ರೂಪಿಸುತ್ತವೆ. ಪ್ರಸಂಗಪ್ರತಿ ಕೈಯಲ್ಲಿ ಹಿಡಿದವನಿಗೆ ಆಟದ ಎಲುಬು ಸಿಕ್ಕಿತೇ ಹೊರತು ಮೈಯಲ್ಲ. ಇದನ್ನು ಚೆನ್ನಾಗಿ ಅರಿತವರು ಶಿವರಾಮ ಕಾರಂತರು. ಅವರ ‘ಯಕ್ಷಗಾನ ಬಯಲಾಟ’ ಪ್ರಸಂಗಗಳ ಪಟ್ಟಿ ಕೊಟ್ಟು ಸುಮ್ಮನಾಗಲಿಲ್ಲ. ವೇಷಭೂಷಣ, ಕುಣಿತ, ಹಾಡಿನ ರೀತಿ, ಹಳೆಯ ಪ್ರತಿಗಳು, ಮೇಳಗಳ ನಡೆ, ಎಲ್ಲವನ್ನೂ ಒಟ್ಟಿಗೆ ನೋಡಿತು. 1959ರಲ್ಲಿ ಅದಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂತು. ಕಾದಂಬರಿಗೂ ಕಾವ್ಯಕ್ಕೂ ಸಲ್ಲುವ ಮನ್ನಣೆ ಆಟದ ಬಗೆಗಿನ ಒಂದು ಪುಸ್ತಕಕ್ಕೆ ಸಂದದ್ದು ಸಣ್ಣ ಮಾತಲ್ಲ. ಉತ್ತರ ಕನ್ನಡದ ಬಡಗುತಿಟ್ಟಿಗೆ ತನ್ನದೇ ಮಟ್ಟು, ತನ್ನದೇ ಅಭಿನಯದ ಹದವಿದೆ. 1934ರಲ್ಲಿ ಕೆರೆಮನೆ ಶಿವರಾಮ ಹೆಗಡೆಯವರು ಕಟ್ಟಿದ ಇಡಗುಂಜಿ ಮೇಳವಾಗಲಿ, ಚಿಟ್ಟಾಣಿ ರಾಮಚಂದ್ರ ಹೆಗಡೆಯವರ ಪಾತ್ರಗಳಾಗಲಿ ಹೊನ್ನಾವರದ ಕಡೆಯವಾದರೂ ಅಂಕೋಲೆ, ಕಾರವಾರದ ಪ್ರೇಕ್ಷಕರಿಗೆ ಮನೆಯವರಷ್ಟೇ ಹತ್ತಿರ. ಆ ಪ್ರೇಕ್ಷಕರು ಕಂಡದ್ದೇನು ಎಂಬ ಅಧ್ಯಾಯ ಇನ್ನೂ ಬರೆಯಬೇಕಾಗಿದೆ.

ಇದೇ ಜಿಲ್ಲೆಯ ಘಟ್ಟದ ಮೇಲಿನ ಶಿರಸಿಯಲ್ಲಿ ಬೆಳೆದ ಗಿರೀಶ ಕಾರ್ನಾಡರು ಇನ್ನೊಂದು ಸಾಕ್ಷಿ. 1971ರ ‘ಹಯವದನ’ದಲ್ಲಿ ಭಾಗವತ ಬರುತ್ತಾನೆ, ಗಣಪತಿ ಪೂಜೆ ನಡೆಯುತ್ತದೆ, ಅರ್ಧ ಪರದೆಯ ಹಿಂದಿನಿಂದ ಪಾತ್ರ ಪ್ರವೇಶಿಸುತ್ತದೆ. ಕಥೆ ಕಥಾಸರಿತ್ಸಾಗರದಿಂದ ಹೊರಟು ಜರ್ಮನ್ ಲೇಖಕ ಥಾಮಸ್ ಮಾನ್‌ನ ಕೈದಾಟಿ ಬಂದದ್ದು. ಆಟದ ಕಟ್ಟು ಮಾತ್ರ ನಮ್ಮ ಬಯಲಿನದು. ಬಾಲ್ಯದಲ್ಲಿ ಕಂಡ ಯಕ್ಷಗಾನ ಮತ್ತು ಕಂಪನಿ ನಾಟಕ ಹೇಗೆ ವರ್ಷಾನುಗಟ್ಟಲೆ ಒಳಗೇ ಉಳಿದು ಆಧುನಿಕ ನಾಟಕದಲ್ಲಿ ತಲೆ ಎತ್ತಿದವು ಎಂದು ಅರಿಯಬೇಕಾದರೆ ‘ಹಯವದನ’ ಓದಿದರೆ ಸಾಲದು, 2011ರಲ್ಲಿ ಬಂದ ಅವರ ‘ಆಡಾಡತ ಆಯುಷ್ಯ’ವನ್ನೂ ಓದಬೇಕು. ಠಾಕೂರರ ಆತ್ಮಕಥನ ಕಾರವಾರಕ್ಕೆ ಮಾಡಿದ ಉಪಕಾರವನ್ನೇ ಕಾರ್ನಾಡರ ಆತ್ಮಕಥನ ಶಿರಸಿಗೆ ಮಾಡಿತು. ರಂಗನಿರ್ದೇಶಕ ಬಿ.ವಿ. ಕಾರಂತರ ಬದುಕನ್ನು ವೈದೇಹಿಯವರು ನಿರೂಪಿಸಿದ ‘ಇಲ್ಲಿರಲಾರೆ ಅಲ್ಲಿಗೆ ಹೋಗಲಾರೆ’ಯೂ ಇಂಥದೇ ಪುಸ್ತಕ. ನಿರ್ದೇಶಕ ಬರೆಯಲು ಕೂರದಿದ್ದರೆ ಬರೆಯಬಲ್ಲವರು ಅವನ ಎದುರು ಕೂತು ಕೇಳಬೇಕು ಎಂಬುದಕ್ಕೆ ಅದು ಮಾದರಿ.

ಇಲ್ಲಿ ಮೊದಲ ಆಕ್ಷೇಪ ಏಳುತ್ತದೆ. ಈಗ ಎಲ್ಲರ ಕಿಸೆಯಲ್ಲೂ ಕ್ಯಾಮೆರಾ ಇದೆ, ಇಡೀ ರಾತ್ರಿಯ ಆಟ ಯೂಟ್ಯೂಬ್‌ನಲ್ಲಿ ಸಿಗುತ್ತದೆ, ನಾಟಕಗಳು ಸಿನಿಮಾ ಆಗುತ್ತವೆ, ಪುಸ್ತಕವೇಕೆ ಎಂಬುದು ಆ ಆಕ್ಷೇಪ. ದೃಶ್ಯದಾಖಲೆ ಬೇಕೇ ಬೇಕು, ಅದರ ಬೆಲೆಯನ್ನು ಕಡಿಮೆ ಮಾಡಬೇಕಾಗಿಲ್ಲ. ಆದರೆ ಅದು ಎಷ್ಟು ಗಟ್ಟಿ ಎಂದೂ ನೋಡಬೇಕು. ಠಾಕೂರರು ತಮ್ಮ ‘ನಟೀರ ಪೂಜಾ’ ನಾಟಕವನ್ನು ಕಲ್ಕತ್ತೆಯ ನ್ಯೂ ಥಿಯೇಟರ್ಸ್ ಸಂಸ್ಥೆಗಾಗಿ ತಾವೇ ನಿರ್ದೇಶಿಸಿ 1932ರಲ್ಲಿ ಸಿನಿಮಾ ಮಾಡಿದರು. ಆ ಚಿತ್ರ ಇಂದು ಪೂರ್ಣರೂಪದಲ್ಲಿ ಉಳಿದಿಲ್ಲ, ನಾಟಕದ ಪುಸ್ತಕ ಉಳಿದಿದೆ. ಇನ್ನು ತೆರೆಯ ಗುಣವೇ ರಂಗಕ್ಕಿಂತ ಬೇರೆ. ಕಾರ್ನಾಡರ ‘ನಾಗಮಂಡಲ’ 1988ರ ನಾಟಕ, ಟಿ.ಎಸ್. ನಾಗಾಭರಣರ ಸಿನಿಮಾ 1997ರದು. ಊರಿನ ದೀಪಗಳೆಲ್ಲ ಇರುಳು ಗುಡಿಯಲ್ಲಿ ಸೇರಿ ಮಾತಾಡುವುದನ್ನು ರಂಗದ ಮೇಲೆ ಒಬ್ಬೊಬ್ಬ ನಿರ್ದೇಶಕ ಒಂದೊಂದು ಬಗೆಯಲ್ಲಿ ತೋರಿಸಬಲ್ಲ. ಗಂಡ ಅಪ್ಪಣ್ಣನೂ ಅವನ ರೂಪ ತಳೆದ ನಾಗನೂ ಒಬ್ಬನೇ ನಟನಲ್ಲಿ ಬೆರೆಯುವಾಗ ಪ್ರೇಕ್ಷಕ ಅರ್ಧ ನಂಬಿ ಅರ್ಧ ಸಂಶಯಪಡುತ್ತ ಕೂರುತ್ತಾನೆ. ಸಿನಿಮಾ ಒಮ್ಮೆ ಆರಿಸಿಕೊಂಡ ಮುಖ, ಮನೆ, ಮರ ಎಂದೆಂದಿಗೂ ಅವೇ. ನಾಟಕ ಪ್ರತಿ ಪ್ರಯೋಗದಲ್ಲೂ ಮತ್ತೆ ಆರಿಸುತ್ತದೆ. ಹೀಗೆ ಆರಿಸಿದ್ದೇನು, ಬಿಟ್ಟದ್ದೇನು, ಏಕೆ ಎಂಬುದು ಯಾವ ಕ್ಯಾಮೆರಾಕ್ಕೂ ಕಾಣುವುದಿಲ್ಲ. ಗೋಕರ್ಣದ ಜಯಂತ ಕಾಯ್ಕಿಣಿಯವರು ಬರ್ನಾರ್ಡ್ ಶಾನ ‘ಪಿಗ್ಮೇಲಿಯನ್’ ಅನ್ನು ‘ಸೇವಂತಿ ಪ್ರಸಂಗ’ವಾಗಿ ಕನ್ನಡಕ್ಕೆ ತಂದರು. ಶಾನ ನಾಟಕ 1938ರಲ್ಲಿ ಸಿನಿಮಾ ಆಯಿತು, 1956ರಲ್ಲಿ ‘ಮೈ ಫೇರ್ ಲೇಡಿ’ ಎಂಬ ಗೀತನಾಟಕವಾಯಿತು, 1964ರಲ್ಲಿ ಮತ್ತೆ ಸಿನಿಮಾ ಆಯಿತು, ಪು.ಲ. ದೇಶಪಾಂಡೆಯವರಿಂದ ಮರಾಠಿಗೂ ಬಂತು. ಇಷ್ಟು ರೂಪಗಳ ನಡುವೆ ಕನ್ನಡದ ಸೇವಂತಿಗೆ ದಕ್ಕಿದ ಹೊಸತೇನು ಎಂದು ತೂಗಿ ನೋಡಲು ವಿಡಿಯೋಗಳ ಸಾಲು ಸಾಕಾಗದು. ಎಲ್ಲವನ್ನೂ ಎದುರಿಟ್ಟುಕೊಂಡು ಯೋಚಿಸಿದ ಒಬ್ಬ ಬರಹಗಾರ ಬೇಕು.

ಎರಡನೆಯ ಆಕ್ಷೇಪ ಇನ್ನೂ ಆಳವಾದದ್ದು. ಆಟದ ಸೊಗಸು ಅದು ಮುಗಿದುಹೋಗುವುದರಲ್ಲೇ ಇದೆ, ಬರೆದಿಟ್ಟರೆ ಜಡವಾಗುತ್ತದೆ, ಬರೆದವನ ರುಚಿಯೇ ಮುಂದಿನವರಿಗೆ ನಿಯಮವಾಗುತ್ತದೆ ಎಂದು ಬಲ್ಲ ಕಲಾವಿದರೇ ಹೇಳುವುದುಂಟು. ಈ ಭಯಕ್ಕೆ ಆಧಾರವಿದೆ. ಯಕ್ಷಗಾನದ ಶುದ್ಧ ರೂಪದ ಬಗ್ಗೆ ಬರೆದ ಶಿವರಾಮ ಕಾರಂತರೇ ತಮ್ಮ ಪ್ರಯೋಗಗಳಲ್ಲಿ ಮಾತನ್ನು ಕೈಬಿಟ್ಟರು, ಪಿಟೀಲು, ಸ್ಯಾಕ್ಸೊಫೋನ್ ಸೇರಿಸಿದರು. ಅದಕ್ಕೆ ಬಂದ ವಿರೋಧ ಕಡಿಮೆಯಲ್ಲ. ಆದರೆ ಆ ಜಗಳ ಅರ್ಥಪೂರ್ಣವಾದದ್ದು ಹೇಗೆ? ಹಿಂದಿನ ರೂಪ ಹೀಗಿತ್ತು ಎಂದು ಹೇಳುವ ಬರಹ ಎದುರಿಗಿದ್ದುದರಿಂದ. ಬರಹವಿಲ್ಲದ ಕಡೆ ದೊಡ್ಡ ದನಿಯವನ ನೆನಪೇ ಪರಂಪರೆಯಾಗಿಬಿಡುತ್ತದೆ. ಹಾಗಾಗಿ ಬೇಕಾದದ್ದು ಕೊನೆಯ ಮಾತು ಹೇಳುವ ಒಂದೇ ಪುಸ್ತಕವಲ್ಲ, ಒಂದನ್ನೊಂದು ಪ್ರಶ್ನಿಸುವ ಹಲವು ಪುಸ್ತಕಗಳು. ಮುಗಿದುಹೋಗುವ ಪ್ರಯೋಗದ ಘನತೆಯನ್ನೂ ಬರಹವೇ ಕಾಯುತ್ತದೆ. 1942ರ ಜುಲೈನಲ್ಲಿ ವಾರ್ಸಾದ ಯಹೂದಿ ಘೆಟ್ಟೋದಲ್ಲಿ ಯಾನುಷ್ ಕೋರ್ಚಾಕ್ ಎಂಬ ವೈದ್ಯ, ಶಿಕ್ಷಕ ತನ್ನ ಅನಾಥಾಲಯದ ಮಕ್ಕಳಿಂದ ಠಾಕೂರರ ‘ಡಾಕಘರ್’ ಆಡಿಸಿದ. ಕೆಲವೇ ವಾರಗಳಲ್ಲಿ ಆ ಮಕ್ಕಳನ್ನೂ ಅವನನ್ನೂ ನಾಜಿಗಳು ಟ್ರೆಬ್ಲಿಂಕಾದ ಸಾವಿನ ಶಿಬಿರಕ್ಕೆ ಸಾಗಿಸಿದರು. ಒಂದು ಸಂಜೆಯ ಆ ಪ್ರಯೋಗವನ್ನು ಜಗತ್ತು ಇಂದಿಗೂ ನೆನೆಯುತ್ತಿರುವುದು ಅದರ ಬಗ್ಗೆ ಬರೆದವರಿದ್ದುದರಿಂದ. ಬರೆದುದರಿಂದ ಆ ಸಂಜೆ ಜಡವಾಗಲಿಲ್ಲ.

ಮೂರನೆಯ ಆಕ್ಷೇಪ ನಮ್ಮ ಊರಿನದೇ. ಕಾರವಾರದ ಮನೆಮಾತು ಹೆಚ್ಚಾಗಿ ಕೊಂಕಣಿ, ಹಳೆಯ ತಲೆಮಾರಿನ ಓದು ಮರಾಠಿ, ಅಂಕೋಲೆಯ ಹಳ್ಳಿಗಳ ಕನ್ನಡಗಳೇ ಹಲವು. ಇಂಥಲ್ಲಿ ಯಾವ ರಂಗಭೂಮಿಯ ಬಗ್ಗೆ ಬರೆಯುವುದು, ಇಷ್ಟು ಚಿಕ್ಕ ಊರುಗಳಲ್ಲಿ ಅಚ್ಚು ಹಾಕುವವರು ಯಾರು, ಓದುವವರು ಯಾರು? ಭಾಷೆಗಳು ಹಲವಾಗಿರುವುದು ಬರೆಯದಿರಲು ಕಾರಣವಲ್ಲ, ಬರೆಯಲೇಬೇಕಾದ ಕಾರಣ. ಕೊಂಕಣಿ ಮಾತಾಡುವ ಊರಿನಲ್ಲಿ ಬಂಗಾಳಿ ನಾಟಕ ಹುಟ್ಟಿತು, ಕನ್ನಡದ ಆಟ ಮರಾಠಿ ನಾಟಕವನ್ನು ಹುಟ್ಟಿಸಿತು. ಈ ಕೊಡುಕೊಳ್ಳುವಿಕೆಯೇ ಇಲ್ಲಿನ ರಂಗಚರಿತ್ರೆ, ಅದನ್ನು ಒಂದು ಭಾಷೆಯ ಬೇಲಿಯೊಳಗಿಟ್ಟು ಬರೆಯಲಾಗದು. ಚಿಕ್ಕ ಊರೆಂಬ ಮಾತಿಗೆ ಹೆಗ್ಗೋಡೇ ಉತ್ತರ. ಸಾಗರದ ಹತ್ತಿರದ ಆ ಹಳ್ಳಿಯಲ್ಲಿ 1949ರಲ್ಲಿ ನೀನಾಸಂ ಎಂಬ ರಂಗಸಂಸ್ಥೆ ಹುಟ್ಟಿತು. ಕೆ.ವಿ. ಸುಬ್ಬಣ್ಣನವರು ರಂಗಮಂದಿರದ ಜೊತೆಗೆ ಅಕ್ಷರ ಪ್ರಕಾಶನವನ್ನೂ ಬೆಳೆಸಿದರು. ರಂಗಶಿಕ್ಷಣ ಕೇಂದ್ರ, 1985ರಿಂದ ಊರೂರು ಸುತ್ತುವ ತಿರುಗಾಟ, ರಂಗದ ಬಗೆಗಿನ ಪುಸ್ತಕಗಳು ಒಂದೇ ಅಂಗಳದಲ್ಲಿ ಬೆಳೆದವು. ಅಂಕೋಲೆ ಹೆಗ್ಗೋಡಿಗಿಂತ ಚಿಕ್ಕದಲ್ಲ. ಅಂಬಾರಕೊಡ್ಲದಿಂದ ವಿಷ್ಣು ನಾಯ್ಕರು ರಾಘವೇಂದ್ರ ಪ್ರಕಾಶನ ನಡೆಸಿ, ತಾಲೂಕು ಕೇಂದ್ರದ ಅಂಚಿನಿಂದಲೂ ಪುಸ್ತಕ ಹೊರಡಿಸಬಹುದೆಂದು ತೋರಿಸಿದರು. ಕೃತಿಯನ್ನು ಸಾಲುಸಾಲಾಗಿ ಓದುವ ಶಿಸ್ತನ್ನು ಕನ್ನಡ ವಿಮರ್ಶೆಗೆ ಕಲಿಸಿದ ಜಿ.ಎಚ್. ನಾಯಕರು ಇದೇ ತಾಲೂಕಿನ ಸೂರ್ವೆಯವರು. ಕವಿತೆಗೂ ಕಥೆಗೂ ಸಲ್ಲಿಸಿದ ಆ ಎಚ್ಚರದ ಓದನ್ನು ಆಟಕ್ಕೂ ಸಲ್ಲಿಸಲು ಬೇಕಾದ ನೆಲ ಇಲ್ಲಿದೆ.

ತಡಮಾಡಲು ಮಾತ್ರ ಕಾಲವಿಲ್ಲ. ಅಂಕೋಲೆಯ ಬಡಗೇರಿಯ ಸುಕ್ರಿ ಬೊಮ್ಮಗೌಡರು ಹಾಲಕ್ಕಿಗಳ ಹಾಡಿನ ದೊಡ್ಡ ಭಂಡಾರವಾಗಿದ್ದರು. ಕಾರವಾರದ ಆಕಾಶವಾಣಿ ಅವರ ಹಾಡುಗಳನ್ನು ಧ್ವನಿಮುದ್ರಿಸಿಕೊಂಡಿತು, 2017ರಲ್ಲಿ ಪದ್ಮಶ್ರೀ ಬಂತು, 2025ರ ಫೆಬ್ರವರಿಯಲ್ಲಿ ಅವರು ತೀರಿಕೊಂಡರು. ಮುದ್ರಿಸಿಕೊಂಡದ್ದು ಉಳಿಯಿತು. ಹಾಡು ಎಂದು, ಯಾವ ಕೆಲಸದ ನಡುವೆ, ಯಾರ ಜೊತೆ ಎದ್ದು ಬರುತ್ತಿತ್ತು ಎಂಬ ತಿಳಿವಳಿಕೆ ಬರೆದಿಟ್ಟಷ್ಟೇ ಉಳಿಯುತ್ತದೆ. ಸುಗ್ಗಿಯ ತುರಾಯಿ ಕಟ್ಟುವ ಕೈ, ಗುಮಟೆ ವಾದ್ಯದ ಪಾಂಗು, ಚೌಕಿಯಲ್ಲಿ ಬಣ್ಣ ಬರೆಯುವ ಕ್ರಮ, ಜಾತ್ರೆ ನಾಟಕದ ಹಳೆಯ ಕರಪತ್ರ, ಕೈಬರಹದ ಪ್ರತಿ, ಎಲ್ಲದರ ಹಿಂದೆ ವಯಸ್ಸಾಗುತ್ತಿರುವ ಮನುಷ್ಯರಿದ್ದಾರೆ.

ಬೇಕಾದ ಪುಸ್ತಕದ ಸ್ವರೂಪ ಅಸ್ಪಷ್ಟವಲ್ಲ. ಒಂದೊಂದು ಪ್ರಯೋಗಕ್ಕೆ ಒಂದು ಅಧ್ಯಾಯವಿರಲಿ. ಆಡಿದ ಊರು, ವರ್ಷ, ಪಾತ್ರಧಾರಿಗಳ ಹೆಸರು, ಖರ್ಚು ಕೊಟ್ಟವರು, ಕೈಬಿಟ್ಟ ದೃಶ್ಯ, ನೋಡಿದವರ ಮಾತು ಅದರಲ್ಲಿರಲಿ. ನಟಿಸಿದ ಹೆಂಗಸರ ಮಾತೂ, ಪರದೆ ಎಳೆದವರ ಮಾತೂ ಇರಲಿ. ಹೊಗಳಿಕೆಗಿಂತ ವಿವರ ಹೆಚ್ಚಿರಲಿ, ಸೋತ ಪ್ರಯೋಗಕ್ಕೂ ಜಾಗವಿರಲಿ. ಜಿಲ್ಲೆಯ ಕಾಲೇಜುಗಳ ಕನ್ನಡ ವಿಭಾಗಗಳು ಒಬ್ಬೊಬ್ಬ ವಿದ್ಯಾರ್ಥಿಗೆ ಒಂದೊಂದು ಊರಿನ ರಂಗವನ್ನು ಹಂಚಿಕೊಟ್ಟರೂ ಕೆಲಸ ಶುರುವಾಗುತ್ತದೆ. ಕಾರವಾರದಲ್ಲಿ ‘ಪ್ರಕೃತಿರ ಪ್ರತಿಶೋಧ’ವನ್ನು ಕನ್ನಡದಲ್ಲೂ ಕೊಂಕಣಿಯಲ್ಲೂ ಆಡಿ, ಆ ಆಡುವಿಕೆಯನ್ನೇ ಮೊದಲ ಅಧ್ಯಾಯವಾಗಿ ಬರೆದರೆ ತೀರಕ್ಕೆ ಇಟ್ಟ ಹೆಸರಿಗೆ ಅರ್ಥ ಬಂದೀತು. ಹೊರಗಿನಿಂದ ಬಂದ ಇಪ್ಪತ್ತೆರಡರ ತರುಣ ತಾನು ಇಲ್ಲಿ ಬರೆದ ನಾಟಕದ ಹುಟ್ಟನ್ನು ಮುಂದೆ ದಾಖಲಿಸಿದ. ಇಲ್ಲೇ ಹುಟ್ಟಿ ಇಲ್ಲೇ ಆಡಿದ ನೂರಾರು ಮಂದಿಯ ಕೆಲಸವನ್ನು ದಾಖಲಿಸುವ ಹೊಣೆ ಇಲ್ಲಿಯವರದೇ.